ಎಂಟು ಸೆಕೆಂಡಿನ ಅಳು

ಕುದೂರಿಗೆ ಮೂರು ಮೈಲಿ ಈಚೆ, ರಸ್ತೆ ದೊಡ್ಡ ಬಂಡೆಯೊಂದನ್ನು ಬಳಸಿಕೊಂಡು ತಿರುಗುವ ಕಡೆ ಒಂದು ಹಟ್ಟಿಯಿದೆ. ಮೂವತ್ತು ಮನೆ, ಒಂದು ಬೀರಪ್ಪನ ಗುಡಿ, ಜನರಿಗಿಂತ ನಾಲ್ಕು ಪಾಲು ಕುರಿ. ಆ ಹಟ್ಟಿಯಲ್ಲಿ ಅಳುವುದಕ್ಕೂ ಒಂದು ಕ್ರಮವಿದೆ. ಹೆಣ್ಣುಮಗಳೊಬ್ಬಳು ಬಾಯಿಬಿಟ್ಟು ಅತ್ತಳೆಂದರೆ ಯಾರೂ ತಡೆಯುವುದಿಲ್ಲ. ಅಳು ತಾನಾಗಿ ಇಳಿದಾಗ ಹಿರಿಯಳೊಬ್ಬಳು ಚೊಂಬಿನಲ್ಲಿ ನೀರು ತಂದು ಅವಳ ಬೊಗಸೆಗೆ ಹುಯ್ಯುತ್ತಾಳೆ. ಅವಳು ಮುಖ ತೊಳೆದು, ಸೆರಗಿನಲ್ಲಿ ಒರೆಸಿಕೊಂಡು, ಯಾರಿಗಾದರೂ ಒಂದು ಒಳ್ಳೆಯ ಮಾತು ಹೇಳಬೇಕು. ಎದುರಿಗಿದ್ದವರಿಗೆ, ದಾರಿಹೋಕರಿಗೆ, ಯಾರೂ ಇಲ್ಲದಿದ್ದರೆ ಗೂಟಕ್ಕೆ ಕಟ್ಟಿದ ಕರುವಿಗೆ. ಆ ಮಾತು ಆಡಿದ ಮೇಲೇ ಅಳು ಮುಗಿಯಿತೆಂದು ಅರ್ಥ. ಮುಗಿದ ಅಳುವಿನ ಸುದ್ದಿಯನ್ನು ಮತ್ತೆ ಯಾರೂ ಎತ್ತುವುದಿಲ್ಲ. ದುಃಖ ಕೊಟ್ಟ ದೇವರೇ ಬಂದು ಅದನ್ನು ಹಿಂದಕ್ಕೆ ತೆಗೆದುಕೊಂಡು ಹೋದ ಎಂದು ಅವರ ನಂಬಿಕೆ.

ಶಿವಲಿಂಗಮ್ಮನ ಒಂದು ಅಳು ಮಾತ್ರ ಹದಿನಾಲ್ಕು ವರ್ಷವಾದರೂ ಮುಗಿದಿರಲಿಲ್ಲ.

ಅದು ಆದದ್ದು ಹೀಗೆ. ಒಂದು ಬೆಳಗಿನ ಜಾವ ಚಿರತೆಯೊಂದು ರೊಪ್ಪದ ಮುಳ್ಳುಬೇಲಿ ಹಾರಿ ಹನ್ನೊಂದು ಕುರಿಗಳನ್ನು ಕೊಂದು ಹಾಕಿತ್ತು. ತಿಂದದ್ದು ಅರ್ಧ ಕುರಿ, ಕೊಂದದ್ದು ಹನ್ನೊಂದು. ಬಿಸಿಲೇರುವ ಹೊತ್ತಿಗೆ ಚನ್ನಪಟ್ಟಣದಿಂದ ಒಬ್ಬ ಕ್ಯಾಮೆರಾ ಹಿಡಿದು ಬಂದ. ಶಿವಲಿಂಗಮ್ಮ ಎರಡೂ ಕೈ ತಲೆಯ ಮೇಲಿಟ್ಟುಕೊಂಡು, ಆಕಾಶಕ್ಕೆ ಮುಖವೆತ್ತಿ ಗೋಳೋ ಎಂದು ಅಳುತ್ತಿದ್ದಳು. ಅದರಲ್ಲಿ ಎಂಟು ಸೆಕೆಂಡನ್ನು ಒಂದು ಟೀವಿ ವಾಹಿನಿ ಆ ದಿನ ತೋರಿಸಿತು. ಅಷ್ಟಕ್ಕೇ ಬಿಟ್ಟಿದ್ದರೆ ಚೆನ್ನಾಗಿರುತ್ತಿತ್ತು. ಆದರೆ ಆ ಎಂಟು ಸೆಕೆಂಡು ಎಷ್ಟು ಸ್ಫುಟವಾಗಿ ಬಂದಿತ್ತೆಂದರೆ, ವಾಹಿನಿಯವರಿಗೆ ದುಃಖ ಬೇಕಾದಾಗಲೆಲ್ಲ ಕೈ ಅದರ ಕಡೆಗೇ ಹೋಗತೊಡಗಿತು. ಎಲ್ಲೋ ನೆರೆ ಬಂದರೆ ಶಿವಲಿಂಗಮ್ಮ ಅತ್ತಳು. ಬಸ್ಸು ಮಗುಚಿದರೆ ಅತ್ತಳು. ಈರುಳ್ಳಿ ಬೆಲೆ ಬಿದ್ದರೂ ಅತ್ತಳು, ಏರಿದರೂ ಅತ್ತಳು. ಆಮೇಲೆ ಮೊಬೈಲಿಗೂ ಬಂತು. ಕ್ರಿಕೆಟ್ಟಿನಲ್ಲಿ ಸೋತರೆ ಹುಡುಗರು ಅವಳ ಅಳು ಕಳಿಸಿದರು. ಸೋಮವಾರ ಬಂತೆಂದರೆ ಆಫೀಸಿನವರು ಕಳಿಸಿದರು.

ಅವಳ ಗಂಡ ಬೋರಲಿಂಗಯ್ಯ ಮೊದಮೊದಲು ನಗುತ್ತಿದ್ದ. “ನೋಡಮ್ಮಿ, ನಿನ್ ಅಳನ್ನ ಜನ ಎರವ್ಲು ತಕಂಡು ಓಯ್ತಾವ್ರೆ. ವಾಪಸ್ ಕೊಡೋರು ಒಬ್ರೂ ಇಲ್ಲ,” ಎನ್ನುತ್ತಿದ್ದ.

ಶಿವಲಿಂಗಮ್ಮನೂ ನಕ್ಕು ಸುಮ್ಮನಾಗುತ್ತಿದ್ದಳು. ಅವಳು ಮೂಲದಲ್ಲಿ ನಗುವ ಹೆಂಗಸು. ಸುತ್ತಿನ ಹತ್ತು ಹಟ್ಟಿಗಳಲ್ಲಿ ಮದುವೆಯಾದರೆ ಹಸೆಯ ಮುಂದೆ ಕುಳಿತು ಸೋಬಾನೆ ಹಾಡುವವಳು ಅವಳೇ. ಆದರೆ ವರ್ಷ ಕಳೆದಂತೆ ಕರೆಯುವವರು ಕಡಿಮೆಯಾದರು. ಯಾರೂ ಬಾಯಿಬಿಟ್ಟು ಏನೂ ಅನ್ನಲಿಲ್ಲ. ಬೇರೆಯವರನ್ನು ಕೂರಿಸಿದರು, ಅಷ್ಟೆ.

ಈ ಮಾಘದಲ್ಲಿ ಮೊಮ್ಮಗಳು ಶ್ವೇತಳಿಗೆ ಬೈರಮಂಗಲದ ಕಡೆಯ ಗಂಡು ಒಪ್ಪಿತು. ಮಾತುಕತೆಗೆ ಬಂದಿದ್ದ ಗಂಡಿನ ಸೋದರತ್ತೆ ವೆಂಕಟಲಕ್ಷ್ಮಮ್ಮ ಕಾಫಿಯ ಲೋಟ ಬಾಯಿಗಿಟ್ಟವಳು ಹಾಗೇ ನಿಲ್ಲಿಸಿ ಶಿವಲಿಂಗಮ್ಮನನ್ನು ನೋಡಿದಳು.

“ಅಯ್ಯೋ ಶಿವನೇ! ನೀವಲ್ವಾ ಟೀವೀಲಿ ಅಳೋರು?”

“ಊಂ ಕಣವ್ವ. ನಾನೇಯ.”

ಎಲ್ಲರೂ ನಕ್ಕರು. ವೆಂಕಟಲಕ್ಷ್ಮಮ್ಮನೂ ನಕ್ಕಳು. ಆದರೆ ಹೊರಡುವ ಮುಂಚೆ ಶಿವಲಿಂಗಮ್ಮನ ಕೈ ಹಿಡಿದುಕೊಂಡು, ಮೆಲ್ಲಗೆ, ಕೆಟ್ಟ ಮನಸ್ಸಿಲ್ಲದೆಯೇ ಹೇಳಿದಳು: “ತಪ್ಪು ತಿಳ್ಕೋಬ್ಯಾಡಿ ಅಕ್ಕ. ಎಲ್ಲಾ ನೀವು ಯೋಳ್ದಂಗೇ ಆಗ್ಲಿ. ಸೋಬಾನೆಗೆ ಮಾತ್ರ ಬ್ಯಾರೆ ಯಾರ್ನಾದ್ರೂ ಕೂರ್ಸಿ. ನಿಮ್ ಮೊಖ ಕಂಡೇಟ್ಗೆ ನಂಗೇ ‘ಎಲ್ಲಿ ಏನಾಯ್ತಪ್ಪ’ ಅಂತ ಎದೆ ಝಲ್ ಅಂತದೆ. ಹಸೆ ಮ್ಯಾಲಿರೋ ಮಕ್ಕಳು ಅದ್ನ ನೋಡ್ಬಾರ್ದು.”

ಶಿವಲಿಂಗಮ್ಮ, “ಆಯ್ತವ್ವ,” ಎಂದಳು. ಆ ಸಂಜೆ ಬೀರಪ್ಪನ ಗುಡಿಯ ಮೆಟ್ಟಿಲ ಮೇಲೆ ಬಹಳ ಹೊತ್ತು ಕೂತಿದ್ದಳು. ದೇವರನ್ನು ಏನೂ ಕೇಳಲಿಲ್ಲ. ಕೇಳುವುದಾದರೂ ಏನು? ಮೊಮ್ಮಗಳ ಮದುವೆಯಲ್ಲಿ ಹಾಡುವುದನ್ನು ಒಂದು ವರ ಎಂದು ಕೇಳಬೇಕಾಗುತ್ತದೆಂದು ಅವಳು ಎಣಿಸಿರಲಿಲ್ಲ.

*

ಶಿವಲಿಂಗಮ್ಮನ ತಮ್ಮನ ಮೊಮ್ಮಗಳು ಅನುಷಾ ಮಾಗಡಿಯ ಒಂದು ಶಾಲೆಯಲ್ಲಿ ಡ್ರಾಯಿಂಗ್ ಟೀಚರು. ಬಿಡುವಿನ ವೇಳೆಯಲ್ಲಿ ಸಿನಿಮಾ ಮಾಡುತ್ತಾಳೆ. ಆದರೆ ಅವಳ ಹತ್ತಿರ ಕ್ಯಾಮೆರಾ ಇಲ್ಲ. ಬೇರೆಯವರು ತೆಗೆದು ಬಿಸಾಕಿದ್ದನ್ನು ಕೂಡಿಹಾಕುತ್ತಾಳೆ: ಕೇಬಲ್ ಆಫೀಸಿನವರ ಹಳೇ ಹಾರ್ಡ್ ಡಿಸ್ಕು, ಮುಚ್ಚಿಹೋದ ಕ್ಯಾಸೆಟ್ ಅಂಗಡಿಯ ಮೂಟೆ, ಸೀರೆ ಅಂಗಡಿಯ ಜಾಹೀರಾತು, ಟೀವಿ ಜ್ಯೋತಿಷಿಗಳು, ವಾಟ್ಸಾಪಿನಲ್ಲಿ ಸುತ್ತುವ ಚೂರುಪಾರು. ಅವನ್ನೆಲ್ಲ ಕತ್ತರಿಸಿ, ಒಂದರ ಪಕ್ಕ ಒಂದು ಇಟ್ಟು, ಅವು ತಮ್ಮತಮ್ಮಲ್ಲೇ ಏನು ಮಾತಾಡುತ್ತವೆಂದು ನೋಡುತ್ತಾಳೆ. ಕೊಯ್ಲಾದ ಹೊಲದಲ್ಲಿ ಉದುರಿದ ತೆನೆ ಆಯುವುದಕ್ಕೆ ಹಕ್ಕಲು ಆಯುವುದು ಎನ್ನುತ್ತಾರಲ್ಲ, ಬೋರಲಿಂಗಯ್ಯ ಅವಳ ಕೆಲಸಕ್ಕೆ ಇಟ್ಟ ಹೆಸರು ಅದೇ: ಹಕ್ಕಲು ಸಿನಿಮಾ. ಸುದ್ದಿ ಓದುವವರು ಮಾತು ಶುರುಮಾಡುವ ಮುಂಚೆ ತೆಗೆದುಕೊಳ್ಳುವ ಉಸಿರನ್ನಷ್ಟೇ ಜೋಡಿಸಿ ಅವಳು ಒಮ್ಮೆ ಏಳು ನಿಮಿಷದ ಚಿತ್ರ ಮಾಡಿದ್ದಳು. ಅದನ್ನು ನೋಡಿ ಬೋರಲಿಂಗಯ್ಯ, “ಎಲ್ರೂ ಉಸ್ರು ಎಳ್ಕತಾರೆ, ಒಬ್ರೂ ಬಾಯಿ ಬಿಡಾಕಿಲ್ಲ. ಟೀವಿ ಇಂಗೇ ಇದ್ದಿದ್ರೆ ನಾನೂ ದಿನಾ ನೋಡ್ತಿದ್ದೆ,” ಎಂದಿದ್ದ.

ಮೂರು ವರ್ಷದಿಂದ ಅವಳು ತನ್ನ ಅಜ್ಜಿಯ ಎಂಟು ಸೆಕೆಂಡಿನ ಬೆನ್ನು ಹತ್ತಿದ್ದಳು. ಎಲ್ಲೆಲ್ಲಿ, ಯಾವ್ಯಾವ ಸುದ್ದಿಗೆ ಅದನ್ನು ಬಳಸಿದ್ದಾರೋ ಅಷ್ಟನ್ನೂ ಹುಡುಕಿ ತೆಗೆದಿದ್ದಳು. ಅರವತ್ತಮೂರು ಸಿಕ್ಕಿದ್ದವು. ಬೆಂಗಳೂರಿನ ಒಂದು ಚಿತ್ರಶಾಲೆಯವರು ಪ್ರದರ್ಶನಕ್ಕೆ ಒಪ್ಪಿದ್ದರು. ಅಜ್ಜಿಯ ಒಪ್ಪಿಗೆ ಪಡೆಯಲು ಒಂದು ಭಾನುವಾರ ಲ್ಯಾಪ್‌ಟಾಪ್ ಹೊತ್ತು ಹಟ್ಟಿಗೆ ಬಂದಳು.

“ಬಂದ್ಲು ನೋಡಪ್ಪ ನಮ್ ಹಕ್ಕಲು ಡೈರೆಕ್ಟ್ರು,” ಎಂದ ಬೋರಲಿಂಗಯ್ಯ ಜಗಲಿಯಿಂದ. “ಏನ್ ಮಗ, ಈ ದಪ ಏನಾಯ್ದೆ? ಕೆಮ್ಮೋ ಸೀನೋ?”

“ಅಜ್ಜಿ ಸಿನಿಮಾ ತಾತ. ಅಜ್ಜೀನೇ ಹೀರೋಯಿನ್ನು.”

“ಅಂಗಾರೆ ನಾನೇ ಹೀರೋ ಆಗ್ಬೇಕಲ್ಲ. ನಾನೆಲ್ಲಿ?”

“ನೀವು ಆವತ್ತು ಚಿರತೆ ಹಿಂದೆ ಓಡೋಗಿದ್ರಂತೆ. ಫ್ರೇಮಲ್ಲಿಲ್ಲ.”

“ಓಡೋಗಿದ್ದಲ್ಲ ಕಣವ್ವ, ಅಟ್ಟಿಸ್ಕಂಡ್ ಓಗಿದ್ದು,” ಎಂದು ಅವನು ತಿದ್ದಿದ.

ನಡುಮನೆಯಲ್ಲಿ ಶಿವಲಿಂಗಮ್ಮ ಅವರೆಕಾಯಿ ಬಿಡಿಸುವುದನ್ನು ನಿಲ್ಲಿಸಿ ಕನ್ನಡಕ ಹಾಕಿಕೊಂಡಳು. ಚಿತ್ರ ಶುರುವಾಯಿತು. ನೆರೆಯ ನೀರು, ಮುಳುಗಿದ ಸೇತುವೆ; ಶಿವಲಿಂಗಮ್ಮ ಅಳುತ್ತಾಳೆ. ಮಗುಚಿದ ಬಸ್ಸು, ಶಿವಲಿಂಗಮ್ಮ ಅಳುತ್ತಾಳೆ. ಯಾರೋ ಚುನಾವಣೆಯಲ್ಲಿ ಸೋತ, ಶಿವಲಿಂಗಮ್ಮ ಅಳುತ್ತಾಳೆ. ಬೆಳ್ಳುಳ್ಳಿ, ಸಿಲಿಂಡರು, ಫೇಲಾದ ಹುಡುಗರು. ಕೈ ಅದೇ, ಸೀರೆ ಅದೇ, ಹಿಂದಿನ ಮುಳ್ಳುಬೇಲಿ ಅದೇ. ಅನುಷಾ ಅದನ್ನು ಜಾಣತನದಿಂದ ಕಟ್ಟಿದ್ದಳು. ನೋಡುವವರಿಗೆ ಮೊದಲು ನಗು ಬರಬೇಕು, ಹತ್ತರ ಹೊತ್ತಿಗೆ ನಗು ನಿಲ್ಲಬೇಕು, ಮೂವತ್ತರ ಹೊತ್ತಿಗೆ ತಾವೂ ಇದನ್ನೇ ಅಲ್ಲವೇ ನೋಡುತ್ತ ಬಂದದ್ದು ಎಂದು ನಾಚಿಕೆಯಾಗಬೇಕು.

ಅರವತ್ತಮೂರು ಮುಗಿದು ಪರದೆ ಕಪ್ಪಾಯಿತು. ಶಿವಲಿಂಗಮ್ಮ ಕನ್ನಡಕ ತೆಗೆದಳು.

“ಚೆಂದಾಗೈತೆ ಕಣ್ ಮಗ,” ಎಂದಳು. ಆಮೇಲೆ ಕನ್ನಡಕ ಮಡಿಚಿಡುತ್ತ, “ಅವರು ಅರವತ್ಮೂರು ಸಲ ಅಳ್ಸವ್ರೆ. ನೀನು ಅರವತ್ಮೂರ್ನೂ ಒಂದೇ ದಪ ಅಳ್ಸಿದೆ.”

ಅನುಷಾಳ ಮುಖ ಕೆಂಪಾಯಿತು. “ಇಲ್ಲ ಅಜ್ಜಿ, ಅವರು ಮಾಡಿದ್ದು ತಪ್ಪು ಅಂತ ತೋರ್ಸೋಕೆ…”

“ಗೊತ್ತವ್ವ. ನಿನ್ ಮನ್ಸು ನಂಗ್ಗೊತ್ತಿಲ್ವಾ? ಆದ್ರೆ ನೋಡು, ಆವತ್ತು ನಾನು ಅತ್ತೆ. ಅಂಕಮ್ಮ ನೀರು ತಂದು ಕೈಗೆ ಉಯ್ದ್ಲು. ನಾನು ಮೊಖ ತೊಳ್ಕಂಡೆ. ಒಂದ್ ಒಳ್ಳೇ ಮಾತೂ ಆಡ್ದೆ, ಯಾರ್ಗೆ ಏನು ಅಂತ ನೆಪ್ಪಿಲ್ಲ. ಅಲ್ಗೆ ಮುಗೀತು. ಆ ಕ್ಯಾಮೆರಾದವ್ನು ಅಲ್ಲೇ ನಿಂತಿದ್ದ, ಎಲ್ಲಾನೂ ತಗದ. ಅದೆಲ್ಲಿ?” ಅವಳು ಕಪ್ಪು ಪರದೆಯನ್ನು ಬೆರಳಲ್ಲಿ ಮುಟ್ಟಿದಳು. “ಇದ್ರಾಗೆ ಬಾಲ ಇಲ್ಲ. ಅದ್ಕೇ ಜನ ನನ್ ಕಂಡ್ರೆ ಇನ್ನೂ ಅಳ್ತಾನೇ ಅವ್ಳೆ ಅಂದ್ಕಂಡವ್ರೆ. ನೀನು ಆಯೋ ಮಗ ಅಲ್ವಾ? ಒಸಿ ಅದ್ನ ಆಯ್ಕಂಡು ಬಾ. ಶ್ವೇತುನ್ ಮದುವೆ ಒಳ್ಗೆ ನನ್ ಅಳು ಮುಗಿಸ್ಕೊಡು.”

*

ಮದುವೆಗೆ ಹದಿನೇಳು ದಿನ ಉಳಿದಿತ್ತು.

ಆ ಕ್ಯಾಮೆರಾದವನ ಹೆಸರು ರಸೂಲ್. ಚನ್ನಪಟ್ಟಣದಲ್ಲಿ ಹೆದ್ದಾರಿಯ ಪಕ್ಕ ಗೊಂಬೆ ಅಂಗಡಿ ಇಟ್ಟುಕೊಂಡಿದ್ದಾನೆಂದು ಮೂರನೆಯ ದಿನ ಅನುಷಾಳಿಗೆ ತಿಳಿಯಿತು. ಹೋಗಿ ನೋಡಿದರೆ ಅರಗಿನ ಬಣ್ಣದ ಕುದುರೆ, ಬುಗುರಿ, ಗಿಲಕಿಗಳ ನಡುವೆ ನರೆತ ಗಡ್ಡದ ದಪ್ಪ ಮನುಷ್ಯ. ಅವಳು ಬಂದ ಕೆಲಸ ಹೇಳುತ್ತಿದ್ದ ಹಾಗೆಯೇ ಎದ್ದು ನಿಂತುಬಿಟ್ಟ.

“ಆ ಅಮ್ಮ ಇದಾರಾ? ಚೆನ್ನಾಗಿದಾರಾ?” ಎಂದ. “ಟೀವೀಲಿ ಬಂದಾಗೆಲ್ಲ ನಾನು ಚಾನೆಲ್ ಬದಲಾಯಿಸ್ತೀನಮ್ಮ. ನಾಚಿಕೆ ಆಗತ್ತೆ. ಚಾನೆಲ್‌ನವರು ಫೋನಲ್ಲಿ ಏನಂದ್ರು ಗೊತ್ತಾ? ‘ಅಳೋದು ಎಂಟು ಸೆಕೆಂಡು ಕಳ್ಸು, ಮಿಕ್ಕಿದ್ದು ಬೇಡ’ ಅಂದ್ರು. ಅಷ್ಟೇ ಕಳಿಸ್ದೆ. ಉಪ್ಪಿನಕಾಯಿಗೆ ಹೋಳು ಕೇಳ್ದಂಗೆ ಕೇಳಿದ್ರು, ನಾನೂ ಕುಯ್ದು ಕೊಟ್ಟೆ.”

“ಮಿಕ್ಕಿದ್ದು ಎಲ್ಲಿದೆ ಅಂಕಲ್?”

ರಸೂಲ್ ಸ್ಟೂಲು ಎಳೆದು ಅವಳನ್ನು ಕೂರಿಸಿದ. ಚಹಾ ತರಿಸಿದ. ನಿಧಾನವಾಗಿ ನೆನಪು ಮಾಡಿಕೊಂಡ. ಅವನು ಆಗ ಮದುವೆ ವೀಡಿಯೋ ತೆಗೆಯುತ್ತಿದ್ದ. ಸುದ್ದಿ ಕಳಿಸುವುದು ಪಕ್ಕದ ಕಸುಬು. ಹಿಂದಿನ ದಿನ ಊರಲ್ಲೇ ಒಂದು ನಿಕಾಹ್. ಹೆಣ್ಣನ್ನು ಕಳಿಸಿಕೊಡುವ ಹೊತ್ತಿಗೆ ತಡವಾಗಿತ್ತು. ಮನೆಗೆ ಹೋಗಿ ತಲೆ ಕೆಳಗಿಟ್ಟನೋ ಇಲ್ಲವೋ ಚಿರತೆಯ ಸುದ್ದಿ. ಹೊಸ ಕ್ಯಾಸೆಟ್ ಇರಲಿಲ್ಲ. ಕ್ಯಾಮೆರಾದೊಳಗಿದ್ದ ಮದುವೆ ಕ್ಯಾಸೆಟ್ಟಿನ ಕೊನೆಯಲ್ಲಿ ಹತ್ತು ನಿಮಿಷ ಖಾಲಿಯಿತ್ತು. ಅದರಲ್ಲೇ ತೆಗೆದ.

“ಆಮೇಲೆ ಆ ಮದುವೆ ಮನೆಯೋರು ಬಂದ್ರು. ಕಟಿಂಗ್ ಗಿಟಿಂಗ್ ಏನೂ ಬೇಡ, ಶುರುವಿಂದ ಕೊನೇವರೆಗೂ ಹಂಗೇ ಸೀಡಿ ಮಾಡ್ಕೊಡು ಅಂದ್ರು. ಕಟಿಂಗ್ ಮಾಡಿದ್ರೆ ಅವರ ಕಡೆಯೋರು ಯಾರೋ ಬಿಟ್ಟೋಗ್ತಾರೆ ಅಂತ ಭಯ. ನಾನು ಮೆಷಿನ್‌ಗೆ ಹಾಕಿ ಮಲಗ್ಬಿಟ್ಟೆ.” ಅವನು ತಲೆ ಕೆರೆದುಕೊಂಡ. “ಕ್ಯಾಸೆಟ್ ಮೇಲೆ ಬೇರೆ ಮದುವೆ ತೆಗೆದಾಯ್ತು. ಆದ್ರೆ ಆ ಸೀಡೀಲಿ ಅದು ಹೋಗಿರ್ಬೇಕಲ್ಲ? ಯಾರೂ ಬಂದು ಜಗಳ ಮಾಡ್ಲಿಲ್ಲಪ್ಪ. ಮದುವೆ ಸೀಡೀಲಿ ಅಳೋ ಹೆಂಗಸು, ಸತ್ತ ಕುರಿ… ಬೈದೇ ಬೈತಾರೆ ಅಂತ ಆರು ತಿಂಗಳು ಆ ಬೀದೀಲಿ ಓಡಾಡ್ಲಿಲ್ಲ ನಾನು.”

ಮದುಮಗಳ ಹೆಸರು ಮುನವ್ವರಾ. ಊರೊಳಗೆ ಗೂಡಿನಿಂದ ರೇಷ್ಮೆ ಬಿಚ್ಚುವ ಮನೆ. ರಸೂಲ್ ದಾರಿ ಹೇಳಿದ. ಜೊತೆಗೆ ಬರಲು ಮಾತ್ರ ಒಪ್ಪಲಿಲ್ಲ.

*

ಗೂಡು ಬೇಯುವ ವಾಸನೆ ಹಿಡಿದು ಅನುಷಾ ಆ ಮನೆಯ ಬಾಗಿಲಿಗೆ ಬಂದಳು. ಹನ್ನೆರಡು ವರ್ಷದ ಒಂದು ಹುಡುಗಿ ಬಾಗಿಲು ತೆರೆದಳು. ಹೇಗೆ ಕೇಳುವುದೆಂದು ತಿಳಿಯದೆ ಅನುಷಾ ಫೋನಿನಲ್ಲಿದ್ದ ಅಜ್ಜಿಯ ಚಿತ್ರವನ್ನೇ ತೋರಿಸಿ, “ಇವರನ್ನ ಎಲ್ಲಾದ್ರೂ ನೋಡಿದ್ದೀಯಾ?” ಎಂದಳು.

ಹುಡುಗಿ ಒಂದು ಗಳಿಗೆ ನೋಡಿ, ಒಳಗೆ ಓಡುತ್ತ ಕೂಗಿದಳು: “ಅಮ್ಮೀ! ಸೀಡಿ ನಾನಿ! ಸೀಡಿ ನಾನಿ ಕಡೆಯೋರು ಯಾರೋ ಬಂದಿದಾರೆ!”

ನಾನಿ ಎಂದರೆ ತಾಯಿಯ ತಾಯಿ. ಅನುಷಾ ಹೊಸ್ತಿಲಲ್ಲೇ ನಿಂತಳು.

ಮುನವ್ವರಾ ಒದ್ದೆ ಕೈ ಒರೆಸಿಕೊಳ್ಳುತ್ತ ಬಂದಳು. ಮೂವತ್ತೈದರ ಹೆಂಗಸು, ಬಿಸಿನೀರಲ್ಲಿ ಎಳೆ ಹುಡುಕಿ ಹುಡುಕಿ ಬೆರಳ ತುದಿ ಬೆಳ್ಳಗಾಗಿತ್ತು. ಏನು, ಎತ್ತ ಎಂದು ಕೇಳುವ ಮುಂಚೆಯೇ, “ನಾನಿ ಇದಾರಲ್ಲ? ಏನೂ ಆಗಿಲ್ವಲ್ಲ?” ಎಂದಳು. ಇದ್ದಾರೆ ಎಂದ ಮೇಲೇ ಅವಳ ಉಸಿರು ಸಡಿಲವಾದದ್ದು.

“ಟೀವೀಲಿ ಬರ್ತಾರಲ್ಲ, ಅರ್ಧಕ್ಕೇ ನಿಲ್ಲಿಸ್ಬಿಡ್ತಾರೆ. ಇವಳು, ಶಬ್ನಮ್, ಟೀವಿ ಜೊತೆ ಜಗಳ ಆಡ್ತಾಳೆ. ‘ಮುಂದಿಂದು ತೋರ್ಸಿ, ಮುಂದಿಂದು ತೋರ್ಸಿ’ ಅಂತ.”

“ಮುಂದಿಂದು ನಿಮ್ಮತ್ರ ಇದ್ಯಾ?”

“ಇಲ್ದೇ ಇರತ್ತಾ? ಸೀಡಿ ಸವೆದೋಗತ್ತೆ ಅಂತ ಪೆನ್ ಡ್ರೈವ್‌ಗೆ ಹಾಕ್ಸಿದೀವಿ. ಕೂತ್ಕೊಳಿ.”

ಟೀವಿ ಹಾಕಿದರು. ಮುನವ್ವರಾಳ ಇನ್ನಿಬ್ಬರು ಚಿಕ್ಕ ಮಕ್ಕಳೂ ಬಂದು ಚಾಪೆಯ ಮೇಲೆ ಕುಳಿತವು. ಮಲ್ಲಿಗೆ ಸರ ಇಳಿಬಿಟ್ಟ ಕಾರು. ಕೆಂಪು ಜರಿಯೊಳಗೆ ಕಾಣದ ಮುಖದ ಮದುಮಗಳು. ಕಾರಿನ ಬಾಗಿಲು ಮುಚ್ಚಿತು. ಕಾರು ಹೊರಟಿತು. ಬೀದಿಯಲ್ಲಿ ಗಂಡಸರು ನಿಂತಿದ್ದರು. ಚಿತ್ರ ಒಮ್ಮೆ ನಡುಗಿ ನೀಲಿಯಾಯಿತು; ಮರುಗಳಿಗೆಗೆ ಬೆಳಗು, ಮುಳ್ಳುಬೇಲಿ, ತಲೆಯ ಮೇಲೆ ಕೈಯಿಟ್ಟು ಅಳುವ ಶಿವಲಿಂಗಮ್ಮ.

“ನಂಗೆ ಅಮ್ಮಿ ಇರ್ಲಿಲ್ಲ,” ಎಂದಳು ಮುನವ್ವರಾ, ಟೀವಿಯನ್ನೇ ನೋಡುತ್ತ. “ಮದುವೆಗೆ ಮೂರು ವರ್ಷ ಮುಂಚೆ ತೀರ್ಕೊಂಡ್ರು. ಕಳಿಸ್ಕೊಡೋವಾಗ ತಾಯಿ ಅಳ್ತಾರಲ್ಲ? ನಂಗೆ ಅಳೋರು ಯಾರೂ ಇರ್ಲಿಲ್ಲ. ನಮ್ ಅಬ್ಬಾ ಗಟ್ಟಿ ಮನುಷ್ಯ, ನಿಂತೇ ಇದ್ರು. ಸೀಡಿ ಬಂತು. ನೋಡ್ದೆ. ಕಾರು ಹೋಗತ್ತೆ, ಇವರು ಅಳ್ತಾರೆ. ಯಾರು, ಏನು, ಒಂದೂ ಗೊತ್ತಿಲ್ಲ. ನಾನು ಆವತ್ತು ಕೂತು ಹೊಟ್ಟೆ ತುಂಬಾ ಅತ್ತೆ. ಅಲ್ಲಾ ಕಳಿಸ್ದ ಅಂದ್ಕೊಂಡೆ. ರಸೂಲ್ ಭಾಯಿನ ಕೇಳಕ್ಕೆ ಹೋಗ್ಲಿಲ್ಲ. ಕೇಳಿದ್ರೆ ಎಲ್ಲಿ ಬೇರೆ ಏನಾದ್ರೂ ಹೇಳ್ಬಿಡ್ತಾರೋ ಅಂತ.”

ಪರದೆಯ ಮೇಲೆ ಎಂಟು ಸೆಕೆಂಡು ಮುಗಿದಿತ್ತು. ಅನುಷಾ ಮೂರು ವರ್ಷದಿಂದ ಸಾವಿರ ಸಲ ನೋಡಿದ್ದ ಅಳು ಅದರಾಚೆಗೂ ನಡೆಯಿತು, ಸಣ್ಣದಾಯಿತು, ಬಿಕ್ಕಾಯಿತು. ತೆಳ್ಳನೆಯ ಮುದುಕಿಯೊಬ್ಬಳು, ಅಂಕಮ್ಮನೇ ಇರಬೇಕು, ಚೊಂಬು ಹಿಡಿದು ಬಂದಳು. ಶಿವಲಿಂಗಮ್ಮ ಬೊಗಸೆ ಒಡ್ಡಿದಳು. ಮುಖ ತೊಳೆದಳು. ಸೆರಗಿನಿಂದ ಒರೆಸಿಕೊಳ್ಳುತ್ತ ಕಣ್ಣೆತ್ತಿ ಮೊದಲ ಸಲ ಕ್ಯಾಮೆರಾದವನನ್ನು ನೋಡಿದಳು. ನೋಡುತ್ತಲೇ ಅವಳ ಹುಬ್ಬು ಮೇಲೇರಿತು.

“ಇದೇನಪ್ಪ, ತಲೆ ತುಂಬಾ ಗುಲಾಬಿ ಎಸ್ಳು ಮೆತ್ಕಂಡು ಬಂದಿದ್ದೀಯಾ? ಯಾರ್ದು ಮದುವೆ?”

ರಸೂಲನ ದನಿ, ತಬ್ಬಿಬ್ಬಾಗಿ: “ನಮ್ಮೂರಲ್ಲಿ ಒಂದ್ ಹುಡುಗೀದಮ್ಮ. ನಿನ್ನೆ ಆಯ್ತು.”

ಶಿವಲಿಂಗಮ್ಮ ನಕ್ಕಳು. ಕಣ್ಣ ಕೆಳಗೆ ಇನ್ನೂ ನೀರಿತ್ತು. ಅವಳು ಬಾಯಿ ತೆರೆಯುವ ಮುಂಚೆಯೇ ಚಾಪೆಯ ಮೇಲಿದ್ದ ಮೂರೂ ಮಕ್ಕಳು ಬೆನ್ನು ನೆಟ್ಟಗೆ ಮಾಡಿಕೊಂಡವು. ಟೀವಿಯೊಳಗಿನ ದನಿಯ ಜೊತೆ ಅವುಗಳ ದನಿ ಕೂಡಿತು. ಮನೆಯಲ್ಲಿ ಉರ್ದು ಆಡುವ ಮಕ್ಕಳು, ಮಾಗಡಿ ಸೀಮೆಯ ರಾಗ ಒಂಚೂರೂ ತಪ್ಪದೆ:

“ಆ ಹೆಣ್ಮಗ ಚೆಂದಾಗಿರ್ಲಿ ಕಣಪ್ಪ. ಹೋದ ಮನೆ ತಣ್ಣಗಿರ್ಲಿ. ಅವ್ಳ ಮಡ್ಲು ತುಂಬ್ಲಿ. ಅವ್ಳ ಕಣ್ಣೀರ್ನೂ ನಾನೇ ಅತ್ತಿವ್ನಿ ಅಂದ್ಕೊ. ಇನ್ ಅವ್ಳು ಅಳಾದ್ ಬ್ಯಾಡ!”

ಶಬ್ನಮ್ ಗೆದ್ದವಳಂತೆ ಅನುಷಾಳ ಕಡೆ ತಿರುಗಿದಳು. ಅನುಷಾ ಕನ್ನಡಕ ತೆಗೆದು ದುಪಟ್ಟಾದಿಂದ ಒರೆಸುತ್ತಿದ್ದಳು.

ಎರಡು ತುಂಡುಗಳನ್ನು ಪಕ್ಕಪಕ್ಕ ಇಟ್ಟರೆ ಮೂರನೆಯ ಅರ್ಥವೊಂದು ಹುಟ್ಟುತ್ತದೆ ಎಂದು ಅವಳು ಮಕ್ಕಳಿಗೆ ಪಾಠ ಮಾಡುತ್ತಿದ್ದಳು. ಆ ಅರ್ಥ ಹೆಚ್ಚಾಗಿ ಸುಳ್ಳೇ ಆಗಿರುತ್ತದೆ, ಎಚ್ಚರ, ಎಂದೂ ಹೇಳುತ್ತಿದ್ದಳು. ಇಲ್ಲಿ ಒಂದು ಕಾರು, ಒಂದು ಅಳು. ಯಾರೂ ಉದ್ದೇಶಪಟ್ಟು ಜೋಡಿಸಿದ್ದಲ್ಲ. ರಸೂಲ್ ನಿದ್ದೆ ಮಾಡುತ್ತಿದ್ದ. ಯಾರ ಕೈಯೂ ಮುಟ್ಟದೆ ಬಿದ್ದ ಹೊಲಿಗೆ ಎನ್ನೋಣವೆಂದರೆ, ಯಾರ ಕೈಯೂ ಇರಲಿಲ್ಲ ಎನ್ನಲು ಅವಳಿಗೆ ಮನಸ್ಸು ಬರಲಿಲ್ಲ.

*

“ಅಂಕಮ್ಮ ಇಷ್ಟ್ ಸಣ್ಣಗಿದ್ಲಾ!” ಎಂದಳು ಶಿವಲಿಂಗಮ್ಮ, ಲ್ಯಾಪ್‌ಟಾಪಿನ ಮುಂದೆ. ಅಂಕಮ್ಮ ತೀರಿಕೊಂಡು ಆರು ವರ್ಷವಾಗಿತ್ತು. ಆ ಮುದುಕಿ ನೀರು ಹುಯ್ಯುವುದನ್ನು ಶಿವಲಿಂಗಮ್ಮ ಮೂರು ಸಲ ಹಾಕಿಸಿಕೊಂಡು ನೋಡಿದಳು. ಮುನವ್ವರಾಳ ಸಂಗತಿ ಕೇಳಿ ಇನ್ನೊಮ್ಮೆ ಹಾಕಿಸಿದಳು, ಈ ಸಲ ಮಲ್ಲಿಗೆಯ ಕಾರಿನಿಂದ.

“ಆ ಮಗೀನ್ ಹೆಸ್ರೂ ನಾನು ಕೇಳ್ಳಿಲ್ವಲ್ಲ,” ಎಂದಳು ಕೊನೆಗೆ. “ಮದುವೇಗೆ ಕರಿ ಅವ್ಳನ್ನ. ಮಕ್ಕಳ್ನೂ ಕರ್ಕಂಡ್ ಬರ್ಲಿ.”

“ಕರೀತೀನಿ ಅಜ್ಜಿ. ಸಿನಿಮಾದಲ್ಲಿ ಆ ಅರವತ್ಮೂರು ತೆಗೆದ್ಬಿಡ್ಲಾ? ಬರೀ ಇದೊಂದೇ ಸಾಕಲ್ಲ?”

ಶಿವಲಿಂಗಮ್ಮ ಯೋಚಿಸಿದಳು. “ತಗೀಬ್ಯಾಡ. ಆ ನೆರೆ ಬಂದಿದ್ದು ದಿಟ ತಾನೆ? ಬಸ್ಸು ಮಗುಚಿದ್ದು ದಿಟ ತಾನೆ? ನನ್ ಅಳು ಎರವ್ಲು ಇಸ್ಕಂಡವ್ರು ಒಳ್ಳೇ ಮಾತು ಇಸ್ಕಳದ್ನ ಮರ್ತವ್ರೆ. ನೀನು ಎಲ್ಲಾದ್ರ್ ಹಿಂದ್ಗಡೀಕೂ ಅಂಕಮ್ಮನ್ ಕೈಲಿ ನೀರು ಉಯ್ಸು. ಎಲ್ರಿಗೂ ಒಂದೊಂದು ಸಲ ನಾನು ‘ಚೆಂದಾಗಿರ್ಲಿ’ ಅನ್ಲಿ.”

“ಈರುಳ್ಳಿಯೋರ್ಗೂನಾ?” ಎಂದ ಬೋರಲಿಂಗಯ್ಯ.

“ಈರುಳ್ಳಿಯೋರ್ ಏನ್ ಪಾಪ ಮಾಡವ್ರೆ? ಅವ್ರ್ಗೂ.”

“ಎಲೆಕ್ಷನ್ನಲ್ಲಿ ಸೋತೋನ್ಗೆ?”

ಶಿವಲಿಂಗಮ್ಮ ಒಂದು ಗಳಿಗೆ ಅನುಮಾನಿಸಿದಳು. “ಅವ್ನಿಗೂವೆ. ಮನೇಲಿ ಎಡ್ತಿ ಮಕ್ಕಳಿರಾಕಿಲ್ವಾ?”

*

ಮದುವೆಯ ಹಿಂದಿನ ದಿನ ಮಧ್ಯಾಹ್ನವೇ ಗಂಡಿನ ಕಡೆಯವರು ಬಂದಿಳಿದರು. ಹಸೆ ಹಾಕಲು ಇನ್ನೂ ಹೊತ್ತಿತ್ತು. ನಡುಮನೆಯಲ್ಲಿ ಹೂ ಕಟ್ಟುತ್ತ ಕೂತಿದ್ದ ಹೆಂಗಸರ ಮುಂದೆ ಅನುಷಾ ಪೆನ್ ಡ್ರೈವನ್ನು ಟೀವಿಗೆ ಸಿಕ್ಕಿಸಿದಳು. ಬೆಂಗಳೂರಿನ ಚಿತ್ರಶಾಲೆಗೆ ಅದು ಹೋಗುವುದು ಮುಂದಿನ ತಿಂಗಳು. ಮೊದಲ ಪ್ರದರ್ಶನ ಇಲ್ಲೇ.

ಶಿವಲಿಂಗಮ್ಮ ನೋಡಲು ಬರಲಿಲ್ಲ. ಹಿತ್ತಲಲ್ಲಿ ಮುನವ್ವರಾಳ ಮಕ್ಕಳಿಗೆ ಕುರಿಮರಿ ತೋರಿಸುತ್ತಿದ್ದಳು.

ಮೊದಲ ಅಳು ಬಂದೊಡನೆ ವೆಂಕಟಲಕ್ಷ್ಮಮ್ಮ ಮುಖ ಕಿವಿಚಿದಳು. “ಅಯ್ಯೋ, ಮದುವೆ ಮನೇಲಿ ಇದ್ಯಾಕವ್ವ, ಆರ್ಸು.” ಅಷ್ಟರಲ್ಲಿ ಅಂಕಮ್ಮನ ಚೊಂಬು ಬಂತು. ನೀರು ಬಿತ್ತು. “ಚೆಂದಾಗಿರ್ಲಿ ಕಣಪ್ಪ,” ಎಂದಿತು ಟೀವಿ, ನೆರೆಯಲ್ಲಿ ಮುಳುಗಿದ ಊರಿಗೆ. ಯಾರಾದರೂ ಹರಸಿದರೆ ಸುಮ್ಮನಿರುವುದು ಆ ಕಡೆಯವರಿಗೆ ಗೊತ್ತಿಲ್ಲ. “ಆಗ್ಲಿ,” ಎಂದಳು ಮೂಲೆಯಲ್ಲಿದ್ದ ಒಬ್ಬ ಮುದುಕಿ. ಬಸ್ಸಿನವರಿಗೆ ಹರಸಿದಾಗ ಇಬ್ಬರು ಆಗ್ಲಿ ಎಂದರು. ಹತ್ತನೆಯದರ ಹೊತ್ತಿಗೆ ನಡುಮನೆಯೆಲ್ಲ ಆಗ್ಲಿ ಆಗ್ಲಿ ಎನ್ನುತ್ತಿತ್ತು. ಈರುಳ್ಳಿಗೆ ಎಲ್ಲರೂ ಬಿದ್ದು ಬಿದ್ದು ನಕ್ಕರು, ನಗುತ್ತಲೇ ಆಗ್ಲಿ ಎಂದರು. ವೆಂಕಟಲಕ್ಷ್ಮಮ್ಮ, “ಇದೇನ್ ಸಿನ್ಮಾನೋ, ಒಂದ್ ಕತೆ ಇಲ್ಲ, ಹಾಡಿಲ್ಲ,” ಎನ್ನುತ್ತಲೇ ಹೂವಿನ ದಾರ ಕೈಯಲ್ಲಿ ಮರೆತು ಕೂತಿದ್ದಳು.

ಕೊನೆಯಲ್ಲಿ ಮಲ್ಲಿಗೆಯ ಕಾರು ಹೊರಟಿತು. ಅಳು ಬಂತು. ಮುಖ ತೊಳೆದದ್ದು, ಗುಲಾಬಿ ಎಸಳು, ಪೂರ್ತಿ ಹಾರೈಕೆ. ಟೀವಿ ಆರಿತು.

“ಅದ್ಯಾರವ್ವ ಆ ಮದುವೆ ಹೆಣ್ಣು?” ಎಂದಳು ವೆಂಕಟಲಕ್ಷ್ಮಮ್ಮ.

“ನಾನೇ ಅಮ್ಮ,” ಎಂದಳು ಬಾಗಿಲ ಬಳಿ ಕೂತಿದ್ದ ಮುನವ್ವರಾ.

ವೆಂಕಟಲಕ್ಷ್ಮಮ್ಮ ಅವಳನ್ನು ಮೇಲಿಂದ ಕೆಳಗಿನವರೆಗೆ ನೋಡಿದಳು. “ಎಷ್ಟ್ ವರ್ಸ ಆಯ್ತು?”

“ಹದಿನಾಲ್ಕು.”

“ಮಕ್ಕಳು?”

“ಮೂರು. ಹಿತ್ಲಲ್ಲಿ ನಾನಿ ಜೊತೆ ಇದಾವೆ.”

“ಯಜಮಾನ್ರು ಹೆಂಗವ್ರೆ?”

“ಒಳ್ಳೇರು ಅಮ್ಮ. ಗೊರಕೆ ಒಂದು ಜಾಸ್ತಿ.”

ಹೆಂಗಸರು ಗೊಳ್ಳೆಂದರು. ವೆಂಕಟಲಕ್ಷ್ಮಮ್ಮ ನಗಲಿಲ್ಲ. ಹೂವಿನ ಬುಟ್ಟಿ ಪಕ್ಕಕ್ಕಿಟ್ಟು ಎದ್ದಳು. ಹಿತ್ತಲ ಬಾಗಿಲಿಗೆ ಹೋಗಿ, ಕುರಿಮರಿ ಎತ್ತಿಕೊಂಡು ನಿಂತಿದ್ದ ಶಿವಲಿಂಗಮ್ಮನನ್ನು ಕರೆದಳು.

“ಅಕ್ಕ, ನಂದು ತಪ್ಪಾಯ್ತು. ನೀವು ಅತ್ತು ಮೊಖ ತೊಳ್ದು ಹರಸಿದ ಹೆಣ್ಣು ಹದಿನಾಲ್ಕು ವರ್ಸ ತಣ್ಗೆ ಬಾಳವ್ಳೆ. ನಮ್ ಮಕ್ಕಳ್ಗೂ ನೀವೇ ಸೋಬಾನೆ ಯೋಳ್ಬೇಕು.” ಆಮೇಲೆ ಅವಸರದಿಂದ ಸೇರಿಸಿದಳು: “ಅಳಾದ್ ಬ್ಯಾಡಿ ಮತ್ತೆ. ಬರೀ ಹಾಡು ಸಾಕು.”

“ಅಳು ಮುಗೀತಲ್ಲವ್ವ,” ಎಂದಳು ಶಿವಲಿಂಗಮ್ಮ.

ಬಿಸಿಲು ಇಳಿಯುವ ಹೊತ್ತಿಗೆ ಬೀರಪ್ಪನ ಗುಡಿಯ ಮುಂದಿನ ಚಪ್ಪರದಲ್ಲಿ ಕರಿಕಂಬಳಿ ಹಾಸಿ ಶ್ವೇತಳನ್ನೂ ಗಂಡನ್ನೂ ಕೂರಿಸಿದರು. ಗಂಡಿನ ಕಡೆಯ ವೀಡಿಯೋದವನು, ಕಿವಿಗೆ ಏನೋ ಸಿಕ್ಕಿಸಿಕೊಂಡ ಚುರುಕು ಯುವಕ, ಶಿವಲಿಂಗಮ್ಮ ಗಂಟಲು ಸರಿಮಾಡಿಕೊಳ್ಳುವಾಗಲೇ ಎದುರಿಗೆ ಬಂದು ನಿಂತು, “ಅಜ್ಜಿ, ಒಂದ್ ಎರಡು ಲೈನ್ ಹಾಡಿ ಸಾಕು. ರೀಲ್ಸ್‌ಗೆ ಚೆನ್ನಾಗಿರತ್ತೆ,” ಎಂದ.

“ಇದು ಇಪ್ಪತ್ತೊಂದು ನುಡಿ ಐತೆ ಕಣಪ್ಪ,” ಎಂದಳು ಶಿವಲಿಂಗಮ್ಮ. “ಬ್ಯಾಟರಿ ಐತಾ?”

“ಇದೆ, ಆದ್ರೆ…”

“ಅಂಗಾರೆ ತಗಿ. ಕಡೇ ನುಡಿ ಮುಗಿಯೋಗಂಟ ಆರಿಸ್ಬ್ಯಾಡ.”

ಅವನು ಸುತ್ತ ನೋಡಿದ. ಅನುಷಾ ಒಂದು ಕುರ್ಚಿ ತಂದು ಅವನ ಹಿಂದೆ ಇಟ್ಟಳು. ಶಿವಲಿಂಗಮ್ಮ ಕಣ್ಣು ಮುಚ್ಚಿ, ಗುಡಿಯ ಕಡೆಗೊಮ್ಮೆ ಕೈಮುಗಿದು, ಎತ್ತರದ ದನಿಯಲ್ಲಿ ಎತ್ತಿಕೊಂಡಳು:

“ಕಂಬಳಿ ಹಾಸೀದ್ವಿ, ಕಳಸಾವ ಇಟ್ಟೀದ್ವಿ
ತುಂಬೀದ ಮನೆಯ ಮಗಳಾನ – ಬೀರಪ್ಪ
ಇಂಬಾಗಿ ಕಾಯೋ ಸೋಬಾನೆ…”

ಹೆಂಗಸರ ಸಾಲು ಸೋಬಾನೆ ಎಂದು ದನಿಗೂಡಿಸಿತು. ವೆಂಕಟಲಕ್ಷ್ಮಮ್ಮನದೇ ಎಲ್ಲರಿಗಿಂತ ಗಟ್ಟಿ. ನಾಲ್ಕನೆಯ ನುಡಿಗೆ ವೀಡಿಯೋದವನು ಕುರ್ಚಿಯಲ್ಲಿ ಕುಳಿತ. ಒಂಬತ್ತನೆಯದಕ್ಕೆ ಯಾರೋ ಅವನ ಕೈಗೆ ಪಾನಕದ ಲೋಟ ಕೊಟ್ಟರು. ಇಪ್ಪತ್ತೊಂದೂ ಮುಗಿಯುವವರೆಗೆ ಅವನು ಕ್ಯಾಮೆರಾ ಆರಿಸಲಿಲ್ಲ.